ಬೋರ್ ಪಾಯಿಂಟ್: ತೆಂಗಿನಕಾಯಿಯವರಿಗೂ ಜಿಯಾಲಜಿಸ್ಟ್‌ಗೂ ನಡುವಿನ ಗೆರೆ ಎಲ್ಲಿದೆ?

ಕೆಂಪುಮಣ್ಣು
ಎಲ್ಲರಿಗೂ ನಮಸ್ಕಾರ. ನಮ್ಮದು ಚಿಕ್ಕಬಳ್ಳಾಪುರ ಕಡೆ ದ್ರಾಕ್ಷಿ ತೋಟ. ಹೊಸ ಬೋರ್ ಹಾಕಿಸಬೇಕು. ಎಲ್ಲಿ ಹಾಕಿಸುವುದು ಅನ್ನುವುದಕ್ಕೆ ಮನೆಯಲ್ಲಿ ವಾದ ನಡೆಯುತ್ತಲೇ ಇದೆ. ಅಂಗೈ ಮೇಲೆ ತೆಂಗಿನಕಾಯಿ ಇಟ್ಟುಕೊಂಡು ನೀರು ನೋಡುವವರನ್ನು ಕರೆಸಬೇಕು ಅಂತ ಅಪ್ಪ. ಜಿಯಾಲಜಿಸ್ಟ್ ಕರೆಸೋಣ ಅಂತ ನಾನು.

ಅಪ್ಪ ಕೇಳಿದ್ದು ಇಷ್ಟು: "ಪಕ್ಕದ ತೋಟದವರು ಮಿಷನ್ ಇಟ್ಟು ನೋಡಿಸಿದರು, ಬರೀ ಧೂಳು ಬಂತು. ಕಾಯಿ ಹಿಡಿದವರದ್ದೂ ಫೇಲ್ ಆಗುತ್ತೆ, ಮಿಷನ್‌ನವರದ್ದೂ ಆಗುತ್ತೆ. ಹಾಗಿದ್ದ ಮೇಲೆ ಅದು ವಿಜ್ಞಾನ, ಇದು ಮೂಢನಂಬಿಕೆ ಅಂತ ಹೇಗೆ ಹೇಳ್ತೀಯ?"

ಕಾರ್ಲ್ ಪಾಪರ್ ಅನ್ನುವ ತತ್ತ್ವಜ್ಞಾನಿ ಇದಕ್ಕೆ ಒಂದು ಗೆರೆ ಎಳೆದಿದ್ದರು ಅಂತ ಓದಿದ್ದೇನೆ. ಒಂದು ಮಾತು ತಪ್ಪು ಅಂತ ತೋರಿಸಲು ದಾರಿ ಇದ್ದರೆ ಮಾತ್ರ ಅದು ವಿಜ್ಞಾನ. ಆದರೆ ಕಾಯಿಯವರ ಮಾತನ್ನೂ ತಪ್ಪು ಅಂತ ತೋರಿಸಬಹುದಲ್ವಾ? ಕೊರೆದರೆ ಗೊತ್ತಾಗುತ್ತೆ. ಹಾಗಾದರೆ ಅದೂ ವಿಜ್ಞಾನವೇ? ತಿಳಿದವರು ಹೇಳಿ. ದಯವಿಟ್ಟು ಬೈಯಲು ಬರಬೇಡಿ, ಅಪ್ಪ ನಲವತ್ತು ವರ್ಷ ಬೇಸಾಯ ಮಾಡಿದವರು.

ತುಂಗಾತೀರ
ವಿಜ್ಞಾನ ಅಂದರೆ ಸಾಬೀತಾಗಿರುವುದು. ಕಾಯಿ ಸಾಬೀತಾಗಿಲ್ಲ. ಇಷ್ಟೇ ವಿಷಯ.

ಕಪ್ಪುಹಲಗೆ
@ತುಂಗಾತೀರ, ಪಾಪರ್ ತಕರಾರು ತೆಗೆದದ್ದೇ ಈ ಮಾತಿಗೆ. ನ್ಯೂಟನ್ನನ ಗುರುತ್ವದ ನಿಯಮ ಇನ್ನೂರು ವರ್ಷ ಬಹುತೇಕ ಎಲ್ಲ ಕಡೆ ಸರಿಯಾಗಿ ಕೂತಿತ್ತು. "ಸಾಬೀತಾಗಿದೆ" ಅಂತಲೇ ಜನ ನಂಬಿದ್ದರು. ಆಮೇಲೆ ಐನ್‌ಸ್ಟೈನ್ ಬಂದರು.

ಪಾಪರ್ ಹುಟ್ಟಿದ್ದು 1902ರಲ್ಲಿ, ವಿಯೆನ್ನಾದಲ್ಲಿ. 1919ರ ಮೇ 29ರ ಗ್ರಹಣದ ಕಾಲಕ್ಕೆ ಇನ್ನೂ ಹುಡುಗ. ನಕ್ಷತ್ರದ ಬೆಳಕು ಸೂರ್ಯನ ಪಕ್ಕ ಹಾದು ಬರುವಾಗ 1.75 ಸೆಕೆಂಡಿನಷ್ಟು ಕೋನಕ್ಕೆ (ಇಲ್ಲಿ ಸೆಕೆಂಡ್ ಅಂದರೆ ಒಂದು ಡಿಗ್ರಿಯ 3600ನೇ ಒಂದು ಭಾಗ) ಬಾಗಬೇಕು ಅಂತ ಐನ್‌ಸ್ಟೈನ್ ಮೊದಲೇ ಹೇಳಿದ್ದರು. ನ್ಯೂಟನ್ನನ ಲೆಕ್ಕದಲ್ಲಿ ಅದರ ಅರ್ಧ. ಅದನ್ನು ಅಳೆಯಲು ಖಗೋಳವಿಜ್ಞಾನಿ ಎಡಿಂಗ್ಟನ್ ಆಫ್ರಿಕಾದ ಪಕ್ಕದ ಪ್ರಿನ್ಸಿಪೆ ದ್ವೀಪಕ್ಕೆ ಹೋದರು, ಇನ್ನೊಂದು ತಂಡ ಬ್ರೆಜಿಲಿನ ಸೊಬ್ರಾಲ್‌ಗೆ ಹೋಯಿತು. ಅಳತೆ ಐನ್‌ಸ್ಟೈನ್ ಕಡೆಗೆ ಬಂತು. ಪಾಪರ್‌ಗೆ ಹಿಡಿಸಿದ್ದು ಐನ್‌ಸ್ಟೈನ್ ಗೆದ್ದದ್ದಲ್ಲ, ಅವರು ಸೋಲಬಹುದಾದ ಜಾಗದಲ್ಲಿ ನಿಂತದ್ದು. ಬೆಳಕು ಬಾಗದೇ ಹೋಗಿದ್ದರೆ ತಪ್ಪಿಸಿಕೊಳ್ಳಲು ದಾರಿ ಇರಲಿಲ್ಲ.

ಪಾಪರ್ ಊರಾದ ವಿಯೆನ್ನಾದಲ್ಲೇ ಆಡ್ಲರ್, ಫ್ರಾಯ್ಡ್ ಮನಸ್ಸಿನ ಬಗ್ಗೆ ಸಿದ್ಧಾಂತ ಕಟ್ಟುತ್ತಿದ್ದರು. ಒಬ್ಬ ಮಗುವನ್ನು ನೀರಿಗೆ ನೂಕಿದರೂ ಅವರ ಹತ್ತಿರ ವಿವರಣೆ ಇತ್ತು. ಇನ್ನೊಬ್ಬ ಅದೇ ಮಗುವನ್ನು ಉಳಿಸಲು ಜೀವ ಕೊಟ್ಟರೂ ಅದೇ ಸಿದ್ಧಾಂತದಿಂದ ವಿವರಣೆ ಬರುತ್ತಿತ್ತು. ಏನೇ ಆದರೂ ಸರಿಹೋಗುವ ಮಾತು ನಮಗೆ ಹೊಸದಾಗಿ ಏನನ್ನೂ ಹೇಳುವುದಿಲ್ಲ ಅನ್ನುವುದು ಪಾಪರ್ ವಾದ. 1934ರಲ್ಲಿ ಅದನ್ನು ಪುಸ್ತಕವಾಗಿ ಬರೆದರು.

ಬಿಸಿಲುಕುದುರೆ_ರಾಯಚೂರು
ಮೇಷ್ಟ್ರೇ, ಚೆನ್ನಾಗಿ ಹೇಳಿದ್ರಿ. ಆದ್ರೆ ಅವರ ಅಪ್ಪ ಕೇಳಿದ ಪ್ರಶ್ನೆಗೆ ಉತ್ತರ ಬರಲಿಲ್ಲ. ಕಾಯಿಯವರೂ "ಇಲ್ಲಿ ಕೊರೆದರೆ ನೀರು" ಅಂತ ಮೊದಲೇ ಹೇಳ್ತಾರಲ್ರೀ?

ಕಲ್ಲುಬಂಡೆ
ನಾನು ಇದೇ ಕೆಲಸದಲ್ಲಿರುವವನು, ಕೋಲಾರ ಭಾಗದಲ್ಲಿ ರೆಸಿಸ್ಟಿವಿಟಿ ಸರ್ವೆ (ನೆಲ ಕರೆಂಟಿಗೆ ಎಷ್ಟು ಅಡ್ಡಿ ಮಾಡುತ್ತದೆ ಅಂತ ಅಳೆಯುವುದು) ಮಾಡುತ್ತೇನೆ. ಮೊದಲು ಕೆಂಪುಮಣ್ಣು ಅವರ ತಂದೆಯವರ ಮಾತು ನೂರಕ್ಕೆ ನೂರು ನಿಜ: ನಮ್ಮ ಪಾಯಿಂಟುಗಳೂ ಫೇಲ್ ಆಗುತ್ತವೆ. ಯಾಕೆ ಅಂತ ಹೇಳುತ್ತೇನೆ.

ನಮ್ಮ ಕಡೆ ನೆಲದ ಕೆಳಗೆ ಗಟ್ಟಿ ಕಲ್ಲು, ಗ್ರಾನೈಟ್ ಮತ್ತು ನೈಸ್ (gneiss) ಅನ್ನುವ ಪಟ್ಟೆಪಟ್ಟೆ ಬಂಡೆ. ಕಲ್ಲಿನೊಳಗೆ ನೀರು ನಿಲ್ಲುವುದಿಲ್ಲ. ಮೇಲಿನ ಶಿಥಿಲವಾದ ಪದರದಲ್ಲಿ ಮತ್ತು ಕೆಳಗಿನ ಬಿರುಕುಗಳಲ್ಲಿ ಮಾತ್ರ ಇರುತ್ತದೆ. ನಾವು ನಾಲ್ಕು ಕಬ್ಬಿಣದ ಗೂಟ ಹೊಡೆಯುತ್ತೇವೆ. ಹೊರಗಿನ ಎರಡರಿಂದ ನೆಲಕ್ಕೆ ಕರೆಂಟ್ ಬಿಟ್ಟು, ಒಳಗಿನ ಎರಡರಲ್ಲಿ ವೋಲ್ಟೇಜ್ ಅಳೆಯುತ್ತೇವೆ. ಗೂಟಗಳನ್ನು ದೂರ ಮಾಡುತ್ತಾ ಹೋದಂತೆ ಜಾಸ್ತಿ ಆಳದ ಸುದ್ದಿ ಬರುತ್ತದೆ. ಒಣ ಬಂಡೆ ಕರೆಂಟಿಗೆ ಬಹಳ ಅಡ್ಡಿ ಮಾಡುತ್ತದೆ, ನೀರು ತುಂಬಿದ ಪದರ ಕಡಿಮೆ.

ತೊಂದರೆ ಎರಡು. ಜೇಡಿಮಣ್ಣೂ ನೀರಿನ ಹಾಗೇ ಕಡಿಮೆ ಅಡ್ಡಿ ತೋರಿಸುತ್ತದೆ. ಎರಡನೆಯದು, ಸಾವಿರ ಅಡಿ ಕೆಳಗಿನ ಸಣ್ಣ ಬಿರುಕು ಈ ಮೀಟರಿಗೆ ಕಾಣುವುದೇ ಇಲ್ಲ. ಅಷ್ಟು ಆಳದ ಬಗ್ಗೆ ಯಾರಾದರೂ ಮೀಟರ್ ತೋರಿಸಿ ಖಾತ್ರಿ ಕೊಟ್ಟರೆ ನಂಬಬೇಡಿ, ಅವರು ಡಿಗ್ರಿ ಮಾಡಿದವರಾಗಿದ್ದರೂ ಸರಿ.

ಕೆಂಪುಮಣ್ಣು
ಧನ್ಯವಾದ ಸರ್. ಹಾಗಾದರೆ ನೀವು ಫೇಲ್ ಆದಾಗ ಕೊಡುವ ಕಾರಣಕ್ಕೂ, ಅವರು "ನೀರು ಪಕ್ಕಕ್ಕೆ ಸರಿದಿದೆ" ಅನ್ನುವುದಕ್ಕೂ ಏನು ವ್ಯತ್ಯಾಸ? ಅಪ್ಪ ಮುಂದೆ ಕೇಳುವುದು ಇದನ್ನೇ.

ಕಲ್ಲುಬಂಡೆ
ನಾನು "ಜೇಡಿ ಇತ್ತು" ಅಂದರೆ ನೀವು ನೋಡಬಹುದು. ರಿಗ್ ಲಾರಿ ಕೊರೆಯುವಾಗ ಪುಡಿ ಮೇಲೆ ಬರುತ್ತದೆ. ಎಷ್ಟನೇ ಅಡಿಗೆ ಎಂಥ ಪುಡಿ ಬಂತು ಅಂತ ಬರೆದಿಟ್ಟರೆ ನನ್ನ ಮಾತು ನಿಜವೋ ಸುಳ್ಳೋ ಅಲ್ಲೇ ಗೊತ್ತಾಗುತ್ತದೆ. ಬೋರ್ ಒಳಗೆ ಕ್ಯಾಮೆರಾ ಇಳಿಸಿಯೂ ನೋಡುತ್ತಾರೆ. "ನೀರು ಸರಿದುಹೋಯಿತು" ಅನ್ನುವುದನ್ನು ಹೇಗೆ ನೋಡುತ್ತೀರಿ?

ನಕ್ಷತ್ರಿಕ
ಕಲ್ಲುಬಂಡೆ ಹೇಳಿದ್ದು ಬಹಳ ಮುಖ್ಯ. ಖಗೋಳದಲ್ಲಿ ಇದಕ್ಕೆ ಒಳ್ಳೆಯ ಜೋಡಿ ಉದಾಹರಣೆ ಇದೆ.

ಯುರೇನಸ್ ಗ್ರಹ ನ್ಯೂಟನ್ ಲೆಕ್ಕದಂತೆ ಸುತ್ತುತ್ತಿರಲಿಲ್ಲ. ಪಾಪರ್ ಮಾತನ್ನು ಅಕ್ಷರಕ್ಕಕ್ಷರ ಹಿಡಿದರೆ ಅಂದೇ ನ್ಯೂಟನ್ನನನ್ನು ಬಿಟ್ಟುಬಿಡಬೇಕಿತ್ತು. ಯಾರೂ ಬಿಡಲಿಲ್ಲ. "ಆಚೆ ಇನ್ನೊಂದು ಗ್ರಹ ಇರಬೇಕು, ಅದು ಎಳೆಯುತ್ತಿದೆ" ಅಂದರು. ಕೇಳಿದರೆ ಇದೂ ನೆಪದ ಹಾಗೇ ಕಾಣುತ್ತದೆ. ಆದರೆ ಫ್ರಾನ್ಸಿನ ಲೆವೆರಿಯೆ ಆ ಗ್ರಹ ಆಕಾಶದಲ್ಲಿ ಎಲ್ಲಿ ಸಿಗಬೇಕು ಅಂತ ಲೆಕ್ಕ ಹಾಕಿ ಬರ್ಲಿನ್‌ಗೆ ಪತ್ರ ಬರೆದರು. 1846ರ ಸೆಪ್ಟೆಂಬರ್ 23ರ ರಾತ್ರಿ ಅಲ್ಲಿನ ಖಗೋಳವಿಜ್ಞಾನಿ ಗಾಲೆ ದೂರದರ್ಶಕ ತಿರುಗಿಸಿದರು. ಹೇಳಿದ ಜಾಗದಿಂದ ಒಂದು ಡಿಗ್ರಿ ಒಳಗೇ ನೆಪ್ಚೂನ್ ಸಿಕ್ಕಿತು.

ಅದೇ ಲೆವೆರಿಯೆ 1859ರಲ್ಲಿ ಬುಧ ಗ್ರಹದ ತಪ್ಪು ನಡೆಗೂ ಅದೇ ಮದ್ದು ಕೊಟ್ಟರು. ಸೂರ್ಯನ ಹತ್ತಿರ ಇನ್ನೊಂದು ಗ್ರಹ ಇದೆ ಅಂದರು. ಅದಕ್ಕೆ ವಲ್ಕನ್ ಅಂತ ಹೆಸರೂ ಬಿತ್ತು. ಎಷ್ಟೋ ವರ್ಷ ಹುಡುಕಿದರು, ಸಿಗಲಿಲ್ಲ. ಕೊನೆಗೆ 1915ರಲ್ಲಿ ಐನ್‌ಸ್ಟೈನ್ ಗುರುತ್ವದ ಲೆಕ್ಕವನ್ನೇ ಬದಲಿಸಿದಾಗ ಬುಧನ ಕತೆ ಬಗೆಹರಿಯಿತು.

ಒಬ್ಬನೇ ಮನುಷ್ಯ, ಒಂದೇ ಥರದ ಕಾರಣ. ಒಂದು ಸಲ ಗೆದ್ದರು, ಒಂದು ಸಲ ಸೋತರು. ಎರಡೂ ಸಲ ಅವರು ಮಾಡಿದ್ದು ವಿಜ್ಞಾನವೇ. ಕಾರಣ ಹೇಳುವುದು ತಪ್ಪಲ್ಲ. ಹೇಳಿದ ಕಾರಣವನ್ನು ಬೇರೆ ದಾರಿಯಲ್ಲಿ ಪರೀಕ್ಷಿಸಲು ಬಿಡಬೇಕು.

ಅರಿವಿನಂಗಡಿ
ಇಲ್ಲಿ ಎಲ್ಲರೂ ಪಾಪರ್ ಪರ ಮಾತಾಡುತ್ತಿದ್ದೀರಿ, ನಾನು ಎದುರು ನಿಲ್ಲುತ್ತೇನೆ.

ಪಾಪರ್ ಗೆರೆ ನಿಜವಾಗಿ ಕೆಲಸ ಮಾಡುವುದಿಲ್ಲ. "ಭೂಮಿ ಚಪ್ಪಟೆಯಾಗಿದೆ" ಅನ್ನುವುದನ್ನು ತಪ್ಪು ಅಂತ ತೋರಿಸಬಹುದು, ತೋರಿಸಿಯೂ ಆಗಿದೆ. ಹಾಗಾದರೆ ಅದು ವಿಜ್ಞಾನವೇ? ತತ್ತ್ವಜ್ಞಾನಿ ಲ್ಯಾರಿ ಲೌಡನ್ 1983ರಲ್ಲಿ ಇದೇ ಪ್ರಶ್ನೆ ಎತ್ತಿ, ಗೆರೆ ಎಳೆಯುವ ಕೆಲಸವನ್ನೇ ಬಿಟ್ಟುಬಿಡಿ, ಯಾವ ಮಾತಿಗೆ ಆಧಾರ ಇದೆ ಯಾವುದಕ್ಕಿಲ್ಲ ಅಂತ ಮಾತ್ರ ಕೇಳಿ ಅಂದರು. ವಿಜ್ಞಾನದ ಇತಿಹಾಸಕಾರ ಥಾಮಸ್ ಕೂನ್ ಕೂಡ ಜ್ಯೋತಿಷ್ಯದ ವಿಷಯದಲ್ಲಿ ಪಾಪರ್‌ರನ್ನು ಒಪ್ಪಲಿಲ್ಲ. ಜ್ಯೋತಿಷಿಗಳ ಭವಿಷ್ಯ ಎಷ್ಟೋ ಸಲ ಸುಳ್ಳಾಗಿದೆ, ಅದು ಅವರಿಗೂ ಗೊತ್ತಿತ್ತು. ಕೊರತೆ ಇದ್ದದ್ದು ಬೇರೆ ಕಡೆ: ಒಂದು ಭವಿಷ್ಯ ತಪ್ಪಿದರೆ ಅದರಿಂದ ಮುಂದಿನ ಕೆಲಸ ಹುಟ್ಟುತ್ತಿರಲಿಲ್ಲ. ಖಗೋಳದವರಿಗೆ ಲೆಕ್ಕ ತಪ್ಪಿದರೆ ಅದೇ ಮುಂದಿನ ವರ್ಷದ ಕೆಲಸ.

ಆದ್ದರಿಂದ ಕೆಂಪುಮಣ್ಣು ಅವರ ಪ್ರಶ್ನೆಗೆ ನನ್ನ ನೇರ ಉತ್ತರ: ಹೌದು, ಕಾಯಿಯವರ ಮಾತನ್ನು ತಪ್ಪು ಅಂತ ತೋರಿಸಬಹುದು. ಅದು "ವಿಜ್ಞಾನ ಅಲ್ಲ" ಅನ್ನುವ ಬದಲು "ತಪ್ಪು" ಅಂತ ಹೇಳಿದರೆ ಸಾಕು.

ಕಪ್ಪುಹಲಗೆ
@ಅರಿವಿನಂಗಡಿ, ಅರ್ಧ ಒಪ್ಪುತ್ತೇನೆ. ಆದರೆ ಪಾಪರ್ ಬರೀ ಮಾತನ್ನು ನೋಡಲಿಲ್ಲ, ಮಾತು ಸೋತಾಗ ಜನ ಏನು ಮಾಡುತ್ತಾರೆ ಅನ್ನುವುದನ್ನೂ ನೋಡಿದರು. ಮಾರ್ಕ್ಸ್‌ವಾದದ ಬಗ್ಗೆ ಅವರು ಹೇಳಿದ್ದೇ ಇದು. ಮೊದಲು ಅದು ಪರೀಕ್ಷೆಗೆ ಸಿಗುವ ಭವಿಷ್ಯ ಹೇಳಿತ್ತು. ಅದು ತಪ್ಪಿದ ಮೇಲೆ ಹಿಂಬಾಲಿಸಿದವರು ಸಿದ್ಧಾಂತವನ್ನೂ ಸಾಕ್ಷಿಯನ್ನೂ ಹೊಂದಿಕೆಯಾಗುವ ಹಾಗೆ ತಿದ್ದುತ್ತಾ ಹೋದರು. "ತಪ್ಪು" ಅಂತ ಹೇಳಿದರೆ ಸಾಕು ಅನ್ನುತ್ತೀರಿ. ಆದರೆ ಆ ತಪ್ಪನ್ನು ಯಾವತ್ತೂ ಲೆಕ್ಕಕ್ಕೆ ತೆಗೆದುಕೊಳ್ಳದ ಕಸುಬಿಗೆ ಏನು ಹೆಸರು ಕೊಡುತ್ತೀರಿ?

ಅರಿವಿನಂಗಡಿ
ಹೆಸರು ಯಾಕೆ ಬೇಕು? ಹೆಸರಿನ ಜಗಳ ಕೊನೆಗೆ ಕೋರ್ಟಿಗೆ ಹೋಗುತ್ತದೆ. 1982ರಲ್ಲಿ ಅಮೆರಿಕದ ಅರ್ಕನ್ಸಾದಲ್ಲಿ "ಸೃಷ್ಟಿ ವಿಜ್ಞಾನ"ವನ್ನು (ದೇವರೇ ಜೀವಿಗಳನ್ನು ಸೃಷ್ಟಿಸಿದ ಅನ್ನುವ ವಾದ) ಶಾಲೆಯಲ್ಲಿ ವಿಕಾಸವಾದಕ್ಕೆ ಸಮನಾಗಿ ಕಲಿಸಬೇಕು ಅನ್ನುವ ಕಾನೂನನ್ನು ರದ್ದು ಮಾಡುವಾಗ ನ್ಯಾಯಾಧೀಶರು, ತಪ್ಪು ಅಂತ ತೋರಿಸಲು ದಾರಿ ಇರಬೇಕು ಅನ್ನುವುದನ್ನೂ ವಿಜ್ಞಾನದ ಲಕ್ಷಣಗಳಲ್ಲಿ ಒಂದಾಗಿ ಬರೆದರು. ಲೌಡನ್‌ಗೆ ಸಿಟ್ಟು ಬಂದದ್ದು ಅದಕ್ಕೇ. ಆ ವಾದ ಸುಳ್ಳು ಅಂತ ತೋರಿಸಿ ಸೋಲಿಸಬೇಕಿತ್ತು, ಪಟ್ಟಿಯಿಂದ ಹೊರಗೆ ಹಾಕಿ ಅಲ್ಲ.

ಬಿಸಿಲುಕುದುರೆ_ರಾಯಚೂರು
ನಮ್ಮಲ್ಲೂ ಆಗಿದೆಯಲ್ರೀ. 2001ರಲ್ಲಿ ಯುಜಿಸಿ ಜ್ಯೋತಿಷ್ಯಕ್ಕೆ ಕೋರ್ಸ್ ಮಾಡಿತು, ವಿಜ್ಞಾನಿಗಳು ಕೋರ್ಟಿಗೆ ಹೋದರು. 2004ರಲ್ಲಿ ಸುಪ್ರೀಂ ಕೋರ್ಟ್ ಅವರ ಅರ್ಜಿ ಒಪ್ಪಲಿಲ್ಲ.

ನಕ್ಷತ್ರಿಕ
ಅದಕ್ಕೆ ಸರಿಯಾದ ಉತ್ತರ ಕೊಟ್ಟವರು ಖಗೋಳವಿಜ್ಞಾನಿ ಜಯಂತ ನಾರ್ಳೀಕರ್. ಜ್ಯೋತಿಷ್ಯ ವಿಜ್ಞಾನ ಅಲ್ಲ ಅಂತ ಭಾಷಣ ಮಾಡಿ ಸುಮ್ಮನಾಗಲಿಲ್ಲ, ಪರೀಕ್ಷೆ ಮಾಡಿದರು. ಮಹಾರಾಷ್ಟ್ರದಲ್ಲಿ ನೂರು ಜಾಣ ಮಕ್ಕಳ ಜಾತಕ, ನೂರು ಬುದ್ಧಿಮಾಂದ್ಯ ಮಕ್ಕಳ ಜಾತಕ ಕಲೆಸಿದರು. ಒಬ್ಬೊಬ್ಬ ಜ್ಯೋತಿಷಿಗೆ ನಲವತ್ತು ಜಾತಕ ಕೊಟ್ಟು, ಯಾವುದು ಯಾರದ್ದು ಹೇಳಿ ಅಂದರು. 27 ಜ್ಯೋತಿಷಿಗಳು ಉತ್ತರ ಕಳಿಸಿದರು. ಸರಿಯಾದದ್ದು ನೂರಕ್ಕೆ 46. ನಾಣ್ಯ ಚಿಮ್ಮಿದರೂ ಅಷ್ಟು ಬರುತ್ತದೆ.

ಹಳೇಬೇರು
ಎಲ್ಲರೂ ಹಳೆಯದನ್ನು ಒಂದೇ ಮೂಟೆಗೆ ತುಂಬುತ್ತಿದ್ದೀರಿ, ನನಗೆ ಬೇಜಾರಾಗುತ್ತಿದೆ. ನಮ್ಮ ತಾತ ಹುತ್ತ ನೋಡಿ, ಮರ ನೋಡಿ ಬಾವಿ ತೋಡಿಸುತ್ತಿದ್ದರು. ವರಾಹಮಿಹಿರನ ಬೃಹತ್ಸಂಹಿತೆಯಲ್ಲಿ ನೆಲದಡಿ ನೀರಿಗೇ ಒಂದು ಅಧ್ಯಾಯ ಇದೆ. ಸುಮಾರು 1500 ವರ್ಷ ಹಿಂದಿನದು. ಅದೂ ಮೂಢನಂಬಿಕೆಯಾ?

ಕಲ್ಲುಬಂಡೆ
@ಹಳೇಬೇರು, ನಾನು ಆ ಅಧ್ಯಾಯ ಓದಿದ್ದೇನೆ, ಬಹಳ ಗೌರವ ಇದೆ. ಇಂಥ ಮರ, ಅದರ ಇಂಥ ದಿಕ್ಕಿಗೆ ಹುತ್ತ ಇದ್ದರೆ, ಇಷ್ಟು ಮೊಳ ದೂರದಲ್ಲಿ, ಇಷ್ಟು ಪುರುಷ (ಕೈ ಮೇಲೆತ್ತಿ ನಿಂತ ಆಳಿನ ಎತ್ತರ) ಆಳದಲ್ಲಿ ನೀರು. ಕೊರೆಯುವಾಗ ನಡುವೆ ಎಂಥ ಮಣ್ಣು, ಎಂಥ ಕಲ್ಲು ಸಿಗುತ್ತದೆ ಅಂತಲೂ ಇದೆ. ದಿಕ್ಕು, ದೂರ, ಆಳ, ದಾರಿಯ ಗುರುತು, ಇಷ್ಟನ್ನೂ ಮೊದಲೇ ಬರೆದಿಟ್ಟಿದ್ದಾರೆ. ಅಂದರೆ ಎಷ್ಟು ಕಡೆ ತಪ್ಪು ಹಿಡಿಯಬಹುದು ನೋಡಿ. ಕೆಲವು ಮರಗಳ ಬೇರು ಆಳದ ನೀರಿಗೆ ಇಳಿಯುತ್ತದೆ, ಗೆದ್ದಲಿಗೆ ತೇವ ಬೇಕು. ಹಾಗಾಗಿ ಹುಡುಕಲು ಕಾರಣವೂ ಇದೆ. ಎಲ್ಲವೂ ಸರಿ ಅಂತ ನಾನು ಹೇಳುತ್ತಿಲ್ಲ. ಆದರೆ ಅದು ಪರೀಕ್ಷೆಗೆ ಎದೆಯೊಡ್ಡಿದ ಬರವಣಿಗೆ. ಇವತ್ತಿನ ಕಾಯಿಯವರು "ಇಲ್ಲೇ ಇದೆ, ಆಳ ನಿಮ್ಮ ಅದೃಷ್ಟ" ಅನ್ನುತ್ತಾರೆ. ನನ್ನ ಮಟ್ಟಿಗೆ ವರಾಹಮಿಹಿರ ಇವರಿಗಿಂತ ವಿಜ್ಞಾನಕ್ಕೆ ಹತ್ತಿರ.

ಹಳೇಬೇರು
ಇದನ್ನು ಹೇಳಿದ್ದಕ್ಕೆ ಸಂತೋಷ.

ಕಡಲತಡಿ
ನಮ್ಮ ದಕ್ಷಿಣ ಕನ್ನಡದಲ್ಲಿ ನೀರು ನೋಡುವವರ ಹೆಸರು ಕೆಡುವುದೇ ಇಲ್ಲ ಮಾರಾಯ್ರೆ. ಗದ್ದೆ ಬದಿಯಲ್ಲಿ ಎಲ್ಲಿ ತೋಡಿದರೂ ಬಾವಿಗೆ ನೀರು ಬರುತ್ತದೆ. ಗುಡ್ಡದ ಮೇಲಿನವರು ಸುರಂಗ ಕೊರೆಯುತ್ತಾರೆ, ಅದು ಬೇರೆ ವಿದ್ಯೆ. ಎಲ್ಲ ಕಡೆ ನೀರಿದ್ದ ಮೇಲೆ ತೋರಿಸಿದ ಕಡೆ ನೀರು ಬಂತು ಅಂತ ಹೊಗಳುವುದರಲ್ಲಿ ಏನಿದೆ?

ನಕ್ಷತ್ರಿಕ
ಇದನ್ನು ಎಲ್ಲರೂ ಮರೆಯುತ್ತಾರೆ. "ಹತ್ತರಲ್ಲಿ ಏಳು ಸರಿ ಬಂತು" ಅಂದಾಗ ಕೇಳಬೇಕು: ಕಣ್ಣು ಮುಚ್ಚಿ ಕೊರೆದಿದ್ದರೆ ಎಷ್ಟು ಬರುತ್ತಿತ್ತು? ಅದೂ ಏಳೇ ಆಗಿದ್ದರೆ ಆ ವಿದ್ಯೆಯಿಂದ ಸಿಕ್ಕಿದ್ದು ಏನೂ ಇಲ್ಲ. ಈ ಪ್ರಶ್ನೆ ಜಿಯಾಲಜಿಸ್ಟ್‌ಗೂ ಅನ್ವಯಿಸುತ್ತದೆ.

ಟ್ಯಾಂಕರ್_ಜೀವನ
ವಿಷಯ ಬಿಟ್ಟು ಮಾತಾಡುತ್ತಿದ್ದೇನೆ, ಕ್ಷಮಿಸಿ. ಬೋರ್ ಬದಲು ಕೆರೆ ಬಗ್ಗೆ ಯಾರೂ ಮಾತಾಡುತ್ತಿಲ್ಲ. ಬೆಂಗಳೂರಿನ ಸಂಸ್ಕರಿಸಿದ ನೀರು ಕೆಸಿ (ಕೋರಮಂಗಲ–ಚಲ್ಲಘಟ್ಟ) ವ್ಯಾಲಿಯಿಂದ ಕೋಲಾರದ ಕೆರೆಗಳಿಗೆ 2018ರಿಂದ ಬರುತ್ತಿದೆ, ಚಿಕ್ಕಬಳ್ಳಾಪುರಕ್ಕೆ ಎಚ್‌ಎನ್ (ಹೆಬ್ಬಾಳ–ನಾಗವಾರ) ವ್ಯಾಲಿಯಿಂದ. ನಮ್ಮ ಪಕ್ಕದ ಬೋರುಗಳಲ್ಲಿ ನೀರು ಮೇಲೆ ಬಂದಿದೆ. ಆದರೆ ಎರಡೇ ಹಂತದ ಶುದ್ಧೀಕರಣ ಅಂತ ಚಿಂತೆ ಇದೆ.

ಕಲ್ಲುಬಂಡೆ
ಅದಕ್ಕೆ ಬೇರೆಯೇ ಚರ್ಚೆ ಬೇಕು, ಬಹಳ ದೊಡ್ಡ ವಿಷಯ. ಒಂದು ಮಾತು ಮಾತ್ರ: ಬೋರ್ ನೀರನ್ನು ಕುಡಿಯಲು ಬಳಸುವವರು ಫ್ಲೋರೈಡ್ ಪರೀಕ್ಷೆ ಮಾಡಿಸಿ.

ಮಿಡಿಗಾಯಿ
ಕಾಯಿ ಅಂಗೈ ಮೇಲೆ ತಾನಾಗೇ ಎದ್ದು ನಿಲ್ಲುವುದನ್ನು ನಾನು ಕಣ್ಣಾರೆ ಕಂಡಿದ್ದೇನೆ. ಹಿಡಿದವರು ನಮ್ಮ ದೊಡ್ಡಪ್ಪ, ದುಡ್ಡು ತೆಗೆದುಕೊಳ್ಳುವವರಲ್ಲ. ಅವರು ಮೋಸ ಮಾಡುತ್ತಾರೆ ಅಂದರೆ ನಾನು ಒಪ್ಪುವುದಿಲ್ಲ.

ಕಪ್ಪುಹಲಗೆ
@ಮಿಡಿಗಾಯಿ, ಮೋಸ ಅಂತ ಯಾರೂ ಹೇಳಬೇಕಾಗಿಲ್ಲ. ಕೈ ನಮಗೆ ಗೊತ್ತಿಲ್ಲದೇ ಚಲಿಸುತ್ತದೆ. 1853ರಲ್ಲಿ ಲಂಡನ್ನಿನಲ್ಲಿ ಮೇಜು ತಿರುಗಿಸುವ ಹುಚ್ಚು ಹಬ್ಬಿತ್ತು. ಸುತ್ತ ಕೂತು ಮೇಜಿನ ಮೇಲೆ ಕೈ ಇಟ್ಟರೆ ಆತ್ಮಗಳು ಬಂದು ಅದನ್ನು ತಿರುಗಿಸುತ್ತವೆ ಅಂತ ನಂಬಿಕೆ. ವಿಜ್ಞಾನಿ ಮೈಕೆಲ್ ಫ್ಯಾರಡೆ ಕೈ ಮತ್ತು ಮೇಜಿನ ನಡುವೆ ಜಾರುವ ರಟ್ಟಿನ ಪದರಗಳನ್ನು ಇಟ್ಟು ನೋಡಿದರು. ಕೈ ಮೊದಲು ಸರಿಯುತ್ತದೆ, ಮೇಜು ಆಮೇಲೆ. ಕೂತವರೆಲ್ಲ ಪ್ರಾಮಾಣಿಕರು, ತಾವು ತಳ್ಳುತ್ತಿದ್ದೇವೆ ಅಂತ ಅವರಿಗೇ ಗೊತ್ತಿರಲಿಲ್ಲ. ಗಡಿಯಾರದ ಮುಳ್ಳಿನಂಥ ಒಂದು ಸೂಚಕ ಇಟ್ಟು ಅವರ ಕೈ ಸರಿಯುವುದನ್ನು ಅವರಿಗೇ ತೋರಿಸಿದರು. ಮೇಜು ನಿಂತಿತು.

ಮಿಡಿಗಾಯಿ
ಕಾಯಿ ಹಾಗೆ ಎದ್ದರೂ, ದೊಡ್ಡಪ್ಪನಿಗೆ ನೆಲದ ಬಗ್ಗೆ ಗೊತ್ತಿರುವುದು ಸುಳ್ಳಾಗುವುದಿಲ್ಲವಲ್ಲ. ಇಳಿಜಾರು, ಹಸಿರು, ಹಳ್ಳ ಎಲ್ಲ ನೋಡುತ್ತಾರೆ.

ಕಲ್ಲುಬಂಡೆ
ಅದು ಪೂರ್ತಿ ಸರಿ ಮೇಡಂ. ಅವರ ಕಣ್ಣು ಕೆಲಸ ಮಾಡುತ್ತಿರಬಹುದು. ಕಾಯಿ ಮಾಡುತ್ತಿದೆಯಾ ಅನ್ನುವುದು ಬೇರೆ ಪ್ರಶ್ನೆ. ಅದಕ್ಕೇ ಕಣ್ಣನ್ನು ಬೇರೆ ಮಾಡಿ ಪರೀಕ್ಷಿಸಬೇಕು.

ಅರಿವಿನಂಗಡಿ
ಜರ್ಮನಿಯಲ್ಲಿ ಮಾಡಿದ್ದಾರೆ. 1987–88ರಲ್ಲಿ ಮ್ಯೂನಿಕ್ ಹತ್ತಿರ ಒಂದು ಕಣಜದ ಕಟ್ಟಡ. ಕೆಳಗಡೆ ನೀರು ಹರಿಯುವ ಪೈಪನ್ನು ಗಾಡಿಯ ಮೇಲೆ ಇಟ್ಟು, ಹತ್ತು ಮೀಟರ್ ಉದ್ದದ ಸಾಲಿನಲ್ಲಿ ಎಲ್ಲೆಂದರಲ್ಲಿ ನಿಲ್ಲಿಸುತ್ತಿದ್ದರು. ಮಹಡಿ ಮೇಲೆ, ಕಾಯಿಯ ಬದಲು ಕಡ್ಡಿ ಹಿಡಿದು ನೀರು ನೋಡುವವರು ಪೈಪ್ ಎಲ್ಲಿದೆ ಹೇಳಬೇಕು. ಐನೂರಕ್ಕೂ ಜಾಸ್ತಿ ಜನರಲ್ಲಿ ಚೆನ್ನಾಗಿ ಹೇಳಿದ 43 ಜನರನ್ನು ಆರಿಸಿ 843 ಸಲ ಪರೀಕ್ಷೆ ಮಾಡಿದರು.

ಇಲ್ಲಿ ನೋಡಿ ತಮಾಷೆ ಅಲ್ಲದ ವಿಷಯ. ನಡೆಸಿದ ಭೌತವಿಜ್ಞಾನಿಗಳು "ಹೆಚ್ಚಿನವರಿಗೆ ಆಗಲಿಲ್ಲ, ಆದರೆ ಕೆಲವರಿಗೆ ನಿಜವಾಗಿ ಶಕ್ತಿ ಇದೆ" ಅಂದರು. ಆಮೇಲೆ ಜಿಮ್ ಎನ್‌ರೈಟ್ ಅನ್ನುವ ವಿಜ್ಞಾನಿ ಅದೇ ಅಂಕಿಗಳನ್ನು ತೆಗೆದುಕೊಂಡು ಮತ್ತೆ ಲೆಕ್ಕ ಮಾಡಿದರು. ಆ "ಕೆಲವರು" ಒಂದು ಸುತ್ತಿನಲ್ಲಿ ಚೆನ್ನಾಗಿ ಹೇಳಿ ಇನ್ನೊಂದು ಸುತ್ತಿನಲ್ಲಿ ಹೇಳಲಾಗಿರಲಿಲ್ಲ. ಪ್ರತಿ ಸಲ ಸಾಲಿನ ಮಧ್ಯಕ್ಕೆ ಗುರುತು ಹಾಕಿದ್ದರೂ ಹೆಚ್ಚುಕಡಿಮೆ ಅಷ್ಟೇ ಫಲಿತಾಂಶ. ಅಂದರೆ ವಿಜ್ಞಾನಿಗಳೂ ಗೆದ್ದವರನ್ನು ಆಮೇಲೆ ಆರಿಸಿದರೆ ಮೋಸ ಹೋಗುತ್ತಾರೆ. ಗೆರೆ ಜನರ ನಡುವೆ ಇಲ್ಲ.

ತುಂಗಾತೀರ
ಬೋರ್ ಫೇಲ್ ಆದರೆ ದುಡ್ಡು ಹೋಗುತ್ತದೆ, ಅಷ್ಟೇ. ಇದಕ್ಕೆ ಇಷ್ಟು ಚರ್ಚೆ ಬೇಕಾ?

ನಕ್ಷತ್ರಿಕ
@ತುಂಗಾತೀರ, ಬೋರ್ ಸಾಲಕ್ಕೆ ಎಷ್ಟು ಮನೆ ಮುಳುಗಿವೆ ಅಂತ ಬಯಲುಸೀಮೆಯವರನ್ನು ಕೇಳಿ. ಅದನ್ನೂ ಬಿಡಿ. ಎಡಿಇ 651 ಅಂತ ಒಂದು ಬಾಂಬ್ ಪತ್ತೆ ಯಂತ್ರ ಇತ್ತು. ಪ್ಲಾಸ್ಟಿಕ್ ಹಿಡಿಕೆ, ಅದಕ್ಕೆ ಆಚೀಚೆ ತಿರುಗುವ ಒಂದು ಕಡ್ಡಿ, ಬ್ಯಾಟರಿ ಇಲ್ಲ. ನೀರು ನೋಡುವ ಕಡ್ಡಿಯ ತತ್ತ್ವವೇ. ಇರಾಕಿನ ಚೆಕ್‌ಪೋಸ್ಟ್‌ಗಳಲ್ಲಿ ಅದನ್ನು ಹಿಡಿದು ಕಾರುಗಳನ್ನು ಬಿಡುತ್ತಿದ್ದರು. ಬಾಂಬ್ ತುಂಬಿದ ಗಾಡಿಗಳು ಊರೊಳಗೆ ಹೋದವು. ಮಾರಿದ ಜೇಮ್ಸ್ ಮೆಕಾರ್ಮಿಕ್‌ಗೆ 2013ರಲ್ಲಿ ಬ್ರಿಟನ್ನಿನಲ್ಲಿ ಹತ್ತು ವರ್ಷ ಜೈಲಾಯಿತು. ಕೊಳ್ಳುವ ಮೊದಲು ಹತ್ತು ಮುಚ್ಚಿದ ಡಬ್ಬಿ ಇಟ್ಟು ಒಂದು ಮಧ್ಯಾಹ್ನ ಪರೀಕ್ಷೆ ಮಾಡಿದ್ದರೆ ಸಾಕಿತ್ತು. ಜನ ಸತ್ತಿದ್ದಾರೆ, ಆದ್ದರಿಂದ ಚರ್ಚೆ ಬೇಕು.

ಕೋಡ್‌ಮನೆ
ಹಾಗಾದರೆ ಸ್ಟ್ರಿಂಗ್ ಥಿಯರಿ (ಎಲ್ಲ ಕಣಗಳೂ ಅತಿ ಸಣ್ಣ ಎಳೆಗಳ ಕಂಪನ ಅನ್ನುವ ಭೌತಶಾಸ್ತ್ರದ ಸಿದ್ಧಾಂತ)? ಅದಕ್ಕೂ ಪರೀಕ್ಷೆ ಇಲ್ಲ. ಅದನ್ನು ಯಾರೂ ಮೂಢನಂಬಿಕೆ ಅನ್ನುವುದಿಲ್ಲ.

ನಕ್ಷತ್ರಿಕ
ಭೌತವಿಜ್ಞಾನಿಗಳೇ ಅದರ ಮೇಲೆ ಜಗಳ ಆಡುತ್ತಿದ್ದಾರೆ. ಇವತ್ತಿನ ಯಂತ್ರಗಳ ಶಕ್ತಿ ಸಾಲದೇ ಪರೀಕ್ಷೆ ಆಗದಿರುವುದು ಒಂದು, ಯಾವ ಫಲಿತಾಂಶ ಬಂದರೂ ಒಪ್ಪುತ್ತೇನೆ ಅನ್ನುವುದು ಇನ್ನೊಂದು. ಮೊದಲನೆಯದಕ್ಕೆ ಕಾಯಬಹುದು.

ಕೆಂಪುಮಣ್ಣು
ಎಲ್ಲವನ್ನೂ ಅಪ್ಪನಿಗೆ ಓದಿ ಹೇಳಿದೆ. ವರಾಹಮಿಹಿರನ ಮಾತು ಅವರಿಗೆ ಬಹಳ ಹಿಡಿಸಿತು. ಕೊನೆಗೆ ಅವರು ಒಂದು ಷರತ್ತು ಹಾಕಿದ್ದಾರೆ: "ಪರೀಕ್ಷೆ ಮಾಡೋದಾದ್ರೆ ಇಬ್ಬರಿಗೂ ಒಂದೇ ಥರ ಮಾಡು. ಕಾಯಿಯವರಿಗೆ ಮಾತ್ರ ಅಲ್ಲ." ನನಗೂ ಅದು ನ್ಯಾಯ ಅನ್ನಿಸಿತು. ಆದರೆ ಪರೀಕ್ಷೆಗೆ ಅಂತ ಎಲ್ಲೆಲ್ಲೂ ಕೊರೆಸಲು ದುಡ್ಡೆಲ್ಲಿ? ಕೊರೆಯದೇ ದಾರಿ ಇದೆಯಾ?

ಅರಿವಿನಂಗಡಿ
ಇದೆ. ನಿಮ್ಮ ತಂದೆಯವರ ಷರತ್ತು ಇಲ್ಲಿ ಬಂದ ಎಲ್ಲ ಉತ್ತರಕ್ಕಿಂತ ಚೆನ್ನಾಗಿದೆ.

ನೆಲದೊಳಗೆ ನಿಜವಾಗಿ ಏನೋ ಇದ್ದು ಅದನ್ನು ಕಾಯಿ ಹಿಡಿಯುತ್ತಿದ್ದರೆ, ಅದು ಎರಡನೇ ಸಲವೂ ಅಲ್ಲೇ ಇರಬೇಕು. ಅವರ ಕಣ್ಣು ಕಟ್ಟಿ, ಕೈ ಹಿಡಿದು ಹೊಲದ ತುಂಬ ನಡೆಸಿ. ಕಾಯಿ ಎದ್ದ ಕಡೆ ಗೂಟ ಹೊಡೆದು ಅಳತೆ ಬರೆದು, ಗೂಟ ಕಿತ್ತುಬಿಡಿ. ಆಮೇಲೆ ಬೇರೆ ದಿಕ್ಕಿನಿಂದ ಮತ್ತೆ ನಡೆಸಿ. ಗುರುತುಗಳು ಹತ್ತಿರ ಬರುತ್ತವೆಯಾ ನೋಡಿ. ಜಿಯಾಲಜಿಸ್ಟ್ ಆದರೆ ಇಬ್ಬರನ್ನು ಬೇರೆ ಬೇರೆ ದಿನ ಕರೆಸಿ. ಒಬ್ಬರು ತೋರಿಸಿದ್ದು ಇನ್ನೊಬ್ಬರಿಗೆ ಗೊತ್ತಾಗಬಾರದು. ಜೊತೆಗೆ ಚೀಟಿ ಎತ್ತಿ ಸುಮ್ನೆ ಒಂದಷ್ಟು ಜಾಗ ಆರಿಸಿಡಿ, ಹೋಲಿಸಲು ಬೇಕು.

ಮಿಡಿಗಾಯಿ
ಕಣ್ಣು ಕಟ್ಟಿದರೆ ಬರುವುದಿಲ್ಲ ಅಂತ ದೊಡ್ಡಪ್ಪ ಖಂಡಿತ ಹೇಳುತ್ತಾರೆ.

ಅರಿವಿನಂಗಡಿ
ಹಾಗಾದರೆ ಬಲವಂತ ಬೇಡ. ಅವರಿಗೂ ಜಿಯಾಲಜಿಸ್ಟ್‌ಗಳ ನಿಯಮವೇ: ಇಬ್ಬರು ನೀರು ನೋಡುವವರು, ಬೇರೆ ಬೇರೆ ದಿನ, ಕಣ್ಣು ತೆರೆದೇ. ಆದರೆ ಇಬ್ಬರ ಗುರುತೂ ಹಳ್ಳದ ಪಕ್ಕಕ್ಕೇ ಬಿದ್ದರೆ ಅದು ಕಾಯಿಯ ಕೆಲಸವೋ ಕಣ್ಣಿನ ಕೆಲಸವೋ ಗೊತ್ತಾಗುವುದಿಲ್ಲ. ಆದ್ದರಿಂದ ಸಮತಟ್ಟಾದ, ಒಂದೇ ಬೆಳೆ ಇರುವ ಹೊಲ ಆರಿಸಿ.

ಕೆಂಪುಮಣ್ಣು
ಎಷ್ಟು ಹತ್ತಿರ ಬಂದರೆ ಸರಿ ಅನ್ನಬೇಕು?

ಕಪ್ಪುಹಲಗೆ
ಅದನ್ನು ನೀವು ನಿರ್ಧರಿಸಬೇಡಿ, ಅವರನ್ನೇ ಕೇಳಿ. "ನೀರಿನ ಸೆಲೆ ಎಷ್ಟು ಅಗಲ ಇರುತ್ತೆ?" ಅಂದರೆ ಕಾಯಿಯವರು ಒಂದು ಅಳತೆ ಹೇಳುತ್ತಾರೆ. ಜಿಯಾಲಜಿಸ್ಟ್‌ಗೂ ಇದೇ ಪ್ರಶ್ನೆ. ಅದನ್ನು ಪರೀಕ್ಷೆಗೆ ಮೊದಲೇ, ಅವರ ಎದುರೇ, ಅಪ್ಪನ ಕೈಯಲ್ಲೇ ಬರೆಸಿ. ಆಮೇಲೆ ಬದಲಿಸುವ ಹಾಗಿಲ್ಲ.

ಕಲ್ಲುಬಂಡೆ
ಜಿಯಾಲಜಿಸ್ಟ್‌ಗಳಲ್ಲಿ ಒಬ್ಬನಾಗಿ ನಾನು ಬರುತ್ತೇನೆ, ಫೀಸ್ ಬೇಡ. ಇನ್ನೊಬ್ಬರು ಯಾರು ಅಂತ ನನಗೆ ಹೇಳಬೇಡಿ. ಇನ್ನೊಂದು ವಿಷಯ, ಅಕ್ಕಪಕ್ಕ ಹಳೇ ಬೋರಿನ ಕೇಸಿಂಗ್ ಕಾಣುವ ಹೊಲ ಬೇಡ. ಅದನ್ನು ನೋಡಿದರೆ ಕಾಯಿಯವರೂ ಅಂದಾಜು ಮಾಡುತ್ತಾರೆ, ನಾನೂ ಮಾಡುತ್ತೇನೆ.